ಕಲ್ಪನೆಯ ಲೋಕ ಮತ್ತು ಅದರ ಭಾಷೆ: ಕಟ್ಟುವ ಬಗೆ

ಫ್ಯಾಂಟಸಿ ಬರೆಯಲು ಹೊರಟವರು ಮೊದಲು ನಕ್ಷೆ ಬಿಡಿಸುತ್ತಾರೆ, ಆಮೇಲೆ ರಾಜವಂಶಗಳ ಪಟ್ಟಿ ಮಾಡುತ್ತಾರೆ, ಕೊನೆಗೆ ಕಿವಿಗೆ ಇಂಪಾದ ಒಂದಷ್ಟು ಹೆಸರು ಹುಡುಕುತ್ತಾರೆ. ಟಿಪ್ಪಣಿ ನೂರು ಪುಟ ದಾಟಿದರೂ ಲೋಕಕ್ಕೆ ಜೀವ ಬರುವುದಿಲ್ಲ. ಅಲ್ಲಿರುವುದೆಲ್ಲ ಒಂದರ ಪಕ್ಕ ಒಂದು ಜೋಡಿಸಿಟ್ಟದ್ದು. ಯಾವುದೂ ಇನ್ನೊಂದರಿಂದ ಹುಟ್ಟಿದ್ದಲ್ಲ. ನಂಬಿಕೆ ಹುಟ್ಟಿಸುವ ಲೋಕದಲ್ಲಿ ಊರಿನ ಹೆಸರಿಗೂ, ತೆರಿಗೆಗೂ, ಬೈಗುಳಕ್ಕೂ ಒಂದು ಕಾರಣ ಇರುತ್ತದೆ. ಆ ಕಾರಣವನ್ನು ಪುಟದ ಮೇಲೆ ಹೇಳಬೇಕಾಗಿಲ್ಲ, ಬರೆಯುವವರಿಗೆ ಗೊತ್ತಿದ್ದರೆ ಸಾಕು.

ಒಂದನ್ನು ಬದಲಿಸಿ, ಉಳಿದದ್ದನ್ನು ಲೆಕ್ಕ ಹಾಕಿ

ನಮ್ಮ ಭೂಮಿಯಲ್ಲಿ ಒಂದೇ ಒಂದು ಸಂಗತಿಯನ್ನು ಬದಲಿಸಿ. ಉದಾಹರಣೆಗೆ, ಚಂದ್ರನನ್ನು ಈಗಿರುವ ದೂರದ ಅರ್ಧಕ್ಕೆ ತನ್ನಿ. ಆಕಾಶದಲ್ಲಿ ಅವನ ಅಗಲ ಎರಡು ಪಟ್ಟು, ಬೆಳದಿಂಗಳು ನಾಲ್ಕು ಪಟ್ಟು ಆಗುತ್ತದೆ. ಹತ್ತಿರ ಬಂದಷ್ಟೂ ಸುತ್ತುವ ವೇಗ ಹೆಚ್ಚುವುದರಿಂದ ಹುಣ್ಣಿಮೆಯಿಂದ ಹುಣ್ಣಿಮೆಗೆ ಸುಮಾರು 10 ದಿನ ಮಾತ್ರ. ವರ್ಷಕ್ಕೆ 36–37 ಹುಣ್ಣಿಮೆ. ಉಬ್ಬರವಿಳಿತ ಎಬ್ಬಿಸುವ ಸೆಳೆತ ದೂರದ ಘನಕ್ಕೆ ವಿಲೋಮವಾಗಿ ಬದಲಾಗುತ್ತದೆ, ಹಾಗಾಗಿ ಚಂದ್ರನ ಪಾಲಿನ ಉಬ್ಬರ ಎಂಟು ಪಟ್ಟು. ಎರಡು ಉಬ್ಬರಗಳ ನಡುವಿನ ಅಂತರ ನಮ್ಮಲ್ಲಿ 12 ಗಂಟೆ 25 ನಿಮಿಷ, ಅಲ್ಲಿ ಸುಮಾರು 13 ಗಂಟೆ 20 ನಿಮಿಷ. ಇಂದು ಬೆಳಿಗ್ಗೆ ಆರಕ್ಕೆ ಏರಿದ ನೀರು ನಾಳೆ ಏರುವುದು ಎಂಟೂ ಮುಕ್ಕಾಲಿನ ಹೊತ್ತಿಗೆ.

ಇಲ್ಲಿ ಊಹೆ ಕೈಕೊಡುವ ಒಂದು ಜಾಗ ಇದೆ. ಚಂದ್ರ ಇಷ್ಟು ಬಲವಾದರೆ ಹುಣ್ಣಿಮೆಯ ಉಬ್ಬರ ಭಯಂಕರ, ಅಷ್ಟಮಿಯದು ಸಾಧಾರಣ ಎಂದು ಬರೆದುಬಿಡುತ್ತೇವೆ. ವಾಸ್ತವ ತದ್ವಿರುದ್ಧ. ಆ ವ್ಯತ್ಯಾಸ ಬರುವುದು ಸೂರ್ಯನ ಸೆಳೆತ ಚಂದ್ರನ ಜೊತೆ ಸೇರುವುದರಿಂದ ಅಥವಾ ಎದುರು ನಿಲ್ಲುವುದರಿಂದ. ನಮ್ಮಲ್ಲಿ ಸೂರ್ಯನ ಪಾಲು ಚಂದ್ರನ ಅರ್ಧಕ್ಕಿಂತ ತುಸು ಕಡಿಮೆ. ಆ ಲೋಕದಲ್ಲಿ ಹದಿನೇಳರಲ್ಲಿ ಒಂದು. ಹಾಗಾಗಿ ಪ್ರತಿ ಉಬ್ಬರವೂ ಹೆಚ್ಚುಕಡಿಮೆ ಒಂದೇ ಎತ್ತರ, ಪ್ರತಿಯೊಂದೂ ದೊಡ್ಡದು.

ಈಗ ಜನರತ್ತ ಬನ್ನಿ. ತಗ್ಗು ಕರಾವಳಿಯಲ್ಲಿ ಸಮುದ್ರ ಕಿಲೋಮೀಟರುಗಟ್ಟಲೆ ಹಿಂದೆ ಸರಿದು ಮತ್ತೆ ನುಗ್ಗುತ್ತದೆ. ದೋಣಿಗಳ ತಳ ಚಪ್ಪಟೆಯಾಗಿರಬೇಕು, ಇಲ್ಲದಿದ್ದರೆ ಇಳಿತದಲ್ಲಿ ಮಗುಚುತ್ತವೆ. ಮನೆ ಎತ್ತರದ ಕಂಬಗಳ ಮೇಲೆ. ಸಂತೆ ನಡೆಯುವುದು ನೀರು ಬಿಟ್ಟುಹೋದ ಮರಳಿನ ಮೇಲೆ, ಐದಾರು ಗಂಟೆ ಮಾತ್ರ. ಹಗಲು ರಾತ್ರಿಗಿಂತ ನೀರಿನ ಹೊತ್ತೇ ಮುಖ್ಯ, ನಡುರಾತ್ರಿಯೂ ಸಂತೆ ನಡೆಯುತ್ತದೆ, ಬೆಳದಿಂಗಳು ಹೇಗೂ ಇದೆ. ದಿನಕ್ಕೆರಡು ಸಲ ಮುಳುಗುವ ನೆಲ ಯಾರ ಆಸ್ತಿ? ಒಂದು ಕಾನೂನು ಬೇಕಾಯಿತು, ಕಾನೂನು ಇದ್ದಲ್ಲಿ ವ್ಯಾಜ್ಯ, ವ್ಯಾಜ್ಯ ಇದ್ದಲ್ಲಿ ಕತೆ. ಈ ಸರಪಳಿಯನ್ನು ಊಟ, ಕೆಲಸ, ಮನೆ, ಹಣ, ಜಗಳ, ಸಾವು ಎಂಬ ಆರು ಶೀರ್ಷಿಕೆಗಳಡಿ ಬರೆದುಕೊಳ್ಳಿ. ಯಾವುದಾದರೂ ಖಾಲಿ ಉಳಿದರೆ ಅಲ್ಲಿ ನಿಮ್ಮ ಬದಲಾವಣೆ ಇನ್ನೂ ತಲುಪಿಲ್ಲ ಎಂದರ್ಥ.

ಎರಡು ಮೂರು ದೊಡ್ಡ ಬದಲಾವಣೆ ಒಟ್ಟಿಗೆ ಮಾಡಬೇಡಿ. ಪರಿಣಾಮಗಳು ಒಂದಕ್ಕೊಂದು ಅಡ್ಡ ಬಂದು ಯಾವುದನ್ನೂ ಕೊನೆತನಕ ಹಿಂಬಾಲಿಸಲಾಗುವುದಿಲ್ಲ. ಮಂತ್ರಶಕ್ತಿ ಇದ್ದರೆ ಅದೂ ಒಂದು ಬದಲಾವಣೆಯೇ. ಅದಕ್ಕೆ ಬೆಲೆ ಏನು, ಮಿತಿ ಎಲ್ಲಿ, ಯಾರಿಗೆ ಸಿಗುತ್ತದೆ ಎಂಬ ಮೂರನ್ನು ಮೊದಲೇ ನಿಗದಿ ಮಾಡಿ, ಊರಿನ ಅತಿ ದೊಡ್ಡ ವ್ಯಾಪಾರಿ ಮತ್ತು ಅತಿ ಚತುರ ಕಳ್ಳ ಅದನ್ನು ಹೇಗೆ ಬಳಸುತ್ತಾರೆ ಎಂದು ಯೋಚಿಸಿ. ಗಾಯ ಮಾಯಿಸುವ ಮಂತ್ರ ಅಗ್ಗವಾಗಿದ್ದರೆ ನಿಮ್ಮ ಕತೆಯಲ್ಲಿ ಸೈನಿಕ ಸಾಯಲು ಬೇರೆ ಕಾರಣ ಹುಡುಕಬೇಕಾಗುತ್ತದೆ.

ನಕ್ಷೆ, ದಾರಿ, ಧಾನ್ಯ

ನಕ್ಷೆಯನ್ನು ಈ ಕ್ರಮದಲ್ಲೇ ಬಿಡಿಸಿ: ಕಡಲು, ಬೆಟ್ಟ, ಗಾಳಿ, ಮಳೆ, ನದಿ, ಕೊನೆಗೆ ಊರು. ಗಾಳಿ ಬರುವ ಬದಿಯಲ್ಲಿ ಮಳೆ, ಬೆಟ್ಟದ ಆಚೆ ಒಣನೆಲ. ನದಿಗಳು ಹರಿಯುತ್ತಾ ಕೂಡಿಕೊಳ್ಳುತ್ತವೆ. ಮುಖಜಭೂಮಿ ಬಿಟ್ಟರೆ ಕವಲೊಡೆಯುವುದು ಅಪರೂಪ. ಊರುಗಳನ್ನು ಮೊದಲು ಇಟ್ಟು ಆಮೇಲೆ ನದಿ ಎಳೆದರೆ ನೀರು ಗುಡ್ಡ ಹತ್ತುತ್ತದೆ.

ದೂರವನ್ನು ದಿನಗಳಲ್ಲಿ ಅಳೆಯಿರಿ. ನಡೆದರೆ ದಿನಕ್ಕೆ 25–30 ಕಿ.ಮೀ., ಎತ್ತಿನ ಗಾಡಿಯಲ್ಲಿ 15–20, ಕುದುರೆ ಬದಲಿಸದ ಸವಾರನಿಗೆ 40–60. ಒಬ್ಬರಿಗೆ ದಿನಕ್ಕೆ ಸುಮಾರು ಒಂದು ಕಿಲೋ ಧಾನ್ಯ ಎಂದು ಹಿಡಿದರೆ 50,000 ಜನರ ನಗರಕ್ಕೆ ದಿನವೂ 50 ಟನ್ ಬರಬೇಕು. ಅರ್ಧ ಟನ್ ಹೊರುವ ಗಾಡಿಗಳಾದರೆ ನೂರು. ಆ ನೂರು ಗಾಡಿ ಯಾವ ದಾರಿಯಲ್ಲಿ ಬರುತ್ತವೆ ಎಂದು ಗೊತ್ತಾದ ಕ್ಷಣ ಶತ್ರು ಎಲ್ಲಿ ಮುತ್ತಿಗೆ ಹಾಕುತ್ತಾನೆ ಎಂಬುದೂ ಗೊತ್ತಾಗುತ್ತದೆ.

ಭಾಷೆ: ಮೊದಲು ಧ್ವನಿ

ಕಟ್ಟಿದ ಭಾಷೆಗಳಲ್ಲಿ ಹೆಚ್ಚಿನವು ಸೋಲುವುದು ಒಂದೇ ಕಾರಣಕ್ಕೆ: ಬರೆಯುವವರು ತಮ್ಮ ಭಾಷೆಯ ಒಂದೊಂದು ಪದಕ್ಕೂ ಒಂದೊಂದು ವಿಚಿತ್ರ ಪದ ಇಟ್ಟುಬಿಡುತ್ತಾರೆ. ಅದು ಭಾಷೆಯಲ್ಲ, ಗುಪ್ತಲಿಪಿ. ಪದಕ್ಕಿಂತ ಮೊದಲು ಧ್ವನಿಗಳ ಪಟ್ಟಿ ಮಾಡಿ. ಹವಾಯಿ ಭಾಷೆ 8 ವ್ಯಂಜನ, 5 ಸ್ವರಗುಣಗಳಲ್ಲಿ (ಹ್ರಸ್ವ, ದೀರ್ಘ ಎರಡನ್ನೂ ಒಂದೇ ಎಂದು ಎಣಿಸಿದರೆ) ಸಂಸಾರ ಮಾಡುತ್ತದೆ. ಶಾಸ್ತ್ರೀಯ ಅರಬ್ಬಿಗೆ ಸ್ವರಗುಣ ಮೂರೇ. ಯಾವ ಧ್ವನಿ ಇಲ್ಲ ಎನ್ನುವುದೇ ಭಾಷೆಯ ಗುರುತು. ಮೇಲಿನ ಉಬ್ಬರದ ನಾಡಿನ ಹಳೆಯ ಭಾಷೆಗೆ ಹೀಗೆ ಆರಿಸೋಣ: ಪ, ತ, ಕ, ಮ, ನ, ಸ, ಲ, ರ, ವ, ಯ ಎಂಬ ಹತ್ತು ವ್ಯಂಜನ, ಅ, ಇ, ಉ ಎಂಬ ಮೂರು ಸ್ವರ. ಮಹಾಪ್ರಾಣ ಇಲ್ಲ, ಒತ್ತಕ್ಷರ ಇಲ್ಲ, ಅಕ್ಷರದ ಕೊನೆಗೆ ಬರಬಹುದಾದ ವ್ಯಂಜನ ‘ನ್’ ಒಂದೇ.

ಇಷ್ಟರಲ್ಲಿ ಪದಗಳು ಸಾಕಾಗುತ್ತವೆಯೇ? ವ್ಯಂಜನದೊಂದಿಗೆ 30, ಬರೀ ಸ್ವರ 3, ಒಟ್ಟು 33 ಅಕ್ಷರ. ‘ನ್’ ಸೇರಿದ್ದು, ಸೇರದ್ದು ಎಂದು 66. ಎರಡಕ್ಷರದ ಪದಗಳೇ 4,356 ಆದವು. ಕಾದಂಬರಿಯೊಂದಕ್ಕೆ ಬೇಕಾಗುವುದು 150–200 ಪದ, ಅಷ್ಟೆ.

ದುಷ್ಟರ ಭಾಷೆಗೆ ಖ, ಘ, ಝ ತುಂಬಿ, ಸಾಧುಗಳ ಭಾಷೆಗೆ ಲ, ಯ ಸುರಿಯುವ ಅಭ್ಯಾಸ ಬಿಡಿ. ಧ್ವನಿಗೂ ಗುಣಕ್ಕೂ ನಂಟಿಲ್ಲ, ಓದುಗರು ಈ ತಂತ್ರವನ್ನು ಬಹಳ ಸಲ ನೋಡಿದ್ದಾರೆ.

ಹಳೆಯ ರೂಪ ಕಟ್ಟಿ, ಸವೆಸಿ

ಭಾಷೆಗೆ ಆಳ ಬರುವುದು ಚರಿತ್ರೆಯಿಂದ. ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಬರೆದ ಟೋಲ್ಕಿನ್ ಕಟ್ಟಿದ ಭಾಷೆಗಳಲ್ಲಿ ಕ್ವೆನ್ಯಾ ಫಿನ್ನಿಶ್ ಧ್ವನಿಯನ್ನೂ ಸಿಂದಾರಿನ್ ವೆಲ್ಷ್ ಧ್ವನಿಯನ್ನೂ ನೆನಪಿಸುತ್ತವೆ, ಆದರೂ ಅವು ಅಕ್ಕತಂಗಿಯರಂತೆ ಕೇಳಿಸುತ್ತವೆ. ಎರಡನ್ನೂ ಒಂದೇ ಮೂಲಭಾಷೆಯಿಂದ ನಿಯಮ ಹಾಕಿ ಇಳಿಸಲಾಗಿದೆ. ಕನ್ನಡದಲ್ಲೇ ನೋಡಿ: ಹಳಗನ್ನಡದ ಪಾಲ್, ಪುಲಿ, ಪೂ ಇಂದು ಹಾಲು, ಹುಲಿ, ಹೂ. ಧ್ವನಿ ಬದಲಾಗುವಾಗ ಒಂದು ಪದದಲ್ಲಿ ಮಾತ್ರ ಬದಲಾಗುವುದಿಲ್ಲ, ಸಾಲುಸಾಲಾಗಿ ಬದಲಾಗುತ್ತದೆ.

ಉಬ್ಬರದ ನಾಡಿನ ಹಳೆಯ ಪದಗಳು ನಾಲ್ಕು ಇರಲಿ: ಸಿನಕ ಎಂದರೆ ಉಪ್ಪು, ರವು ಎಂದರೆ ಮರಳು, ಲಪು ಎಂದರೆ ಅಲೆ, ಪಯಿ ಎಂದರೆ ಊರು. ಈಗ ನಾಲ್ಕು ನಿಯಮಗಳನ್ನು ಕ್ರಮವಾಗಿ ಹಾಕಿ.

1. ಎರಡು ಸ್ವರಗಳ ನಡುವಿನ ಪ, ತ, ಕ ಧ್ವನಿಗಳು ಬ, ದ, ಗ ಆಗುತ್ತವೆ.
2. ‘ಅಯಿ’ ಕುಗ್ಗಿ ‘ಎ’ ಆಗುತ್ತದೆ, ‘ಅವು’ ಕುಗ್ಗಿ ‘ಒ’ ಆಗುತ್ತದೆ.
3. ‘ಸಿ’ ಇದ್ದಲ್ಲೆಲ್ಲ ‘ಶಿ’.
4. ಪದದ ಕೊನೆಯ ಇ, ಉ ಬಿದ್ದುಹೋಗುತ್ತವೆ.

ಉಪ್ಪಿನೂರು ಸಿನಕಪಯಿ. ಮೊದಲ ನಿಯಮಕ್ಕೆ ಸಿನಗಬಯಿ, ಎರಡನೆಯದಕ್ಕೆ ಸಿನಗಬೆ, ಮೂರನೆಯದಕ್ಕೆ ಶಿನಗಬೆ. ಮರಳೂರು ರವುಪಯಿ ಇದೇ ದಾರಿಯಲ್ಲಿ ರೊಬೆ ಆಗುತ್ತದೆ. ಆದರೆ ಊರು ಎಂಬ ಪದ ಒಂಟಿಯಾಗಿದ್ದಾಗ ಮೊದಲಕ್ಷರ ‘ಪ’ ಸ್ವರಗಳ ನಡುವೆ ಇಲ್ಲ, ಹಾಗಾಗಿ ಅದು ‘ಪೆ’. ಶಿನಗಬೆಯ ಜನಕ್ಕೆ ತಮ್ಮ ಊರಿನ ಬಾಲದಲ್ಲಿರುವ ‘ಬೆ’ ಮತ್ತು ‘ಪೆ’ ಒಂದೇ ಎಂದು ಹೊಳೆಯುವುದಿಲ್ಲ. ಕಂಬನಿ ಎನ್ನುವಾಗ ಅದರೊಳಗಿನ ‘ಬನಿ’ ನಮ್ಮ ‘ಹನಿ’ಯೇ ಎಂದು ಎಷ್ಟು ಜನಕ್ಕೆ ನೆನಪಾಗುತ್ತದೆ? ಕಣ್ ಮತ್ತು ಪನಿ ಸೇರಿ ಆದದ್ದು ಅದು.

ನಿಯಮಗಳ ಕ್ರಮವನ್ನು ಕಡ್ಡಾಯವಾಗಿ ಬರೆದಿಡಿ, ಹಾಳಾಗುವುದು ಇಲ್ಲೇ. ‘ಲಪು’ವಿಗೆ ಒಂದನೆಯದು ಮೊದಲು, ನಾಲ್ಕನೆಯದು ಆಮೇಲೆ ಹಾಕಿದರೆ ಲಬು, ಲಬ್. ಕ್ರಮ ತಿರುಗಿಸಿದರೆ ‘ಉ’ ಮೊದಲೇ ಬಿದ್ದು ‘ಪ’ ಎರಡು ಸ್ವರಗಳ ನಡುವೆ ಉಳಿಯುವುದಿಲ್ಲ, ಸಿಗುವುದು ಲಪ್. ಒಂದು ಅಧ್ಯಾಯದಲ್ಲಿ ಹೀಗೂ ಇನ್ನೊಂದರಲ್ಲಿ ಹಾಗೂ ಮಾಡಿದರೆ ಭಾಷೆ ಬರೀ ಸದ್ದಾಗುತ್ತದೆ. ಬೇಕೆಂದೇ ಬೇರೆ ಮಾಡಬಹುದು: ಬೆಟ್ಟದ ಜನರಿಗೆ ನಾಲ್ಕನೆಯ ನಿಯಮ ಮಾತ್ರ ತಟ್ಟಿತು ಎನ್ನಿ, ಅವರು ಆ ಊರನ್ನು ಸಿನಕಪಯ್ ಎನ್ನುತ್ತಾರೆ. ಹಳೆಯ ಕಲ್ಲುಬರಹದಲ್ಲಿ ಸಿನಕಪಯಿ ಎಂದಿದೆ. ಅದು ತಮ್ಮದೇ ಊರು ಎಂದು ಶಿನಗಬೆಯವರು ನ್ಯಾಯಸಭೆಯ ಮುಂದೆ ಸಾಬೀತು ಮಾಡಬೇಕಾದರೆ ನಿಮ್ಮ ನಾಲ್ಕು ನಿಯಮಗಳೇ ಕಥಾವಸ್ತು.

ವ್ಯಾಕರಣ ಮತ್ತು ಪದ

ಜಗತ್ತಿನ ಹೆಚ್ಚಿನ ಭಾಷೆಗಳಲ್ಲಿ ಕರ್ತೃ ಮೊದಲು ಬರುತ್ತದೆ. ಮಾರ್ಕ್ ಓಕ್ರಂಡ್ ‘ಸ್ಟಾರ್ ಟ್ರೆಕ್’ ಚಿತ್ರಗಳಿಗಾಗಿ ಕಟ್ಟಿದ ಕ್ಲಿಂಗನ್ ಭಾಷೆಗೆ ಕರ್ಮ, ಕ್ರಿಯಾಪದ, ಕರ್ತೃ ಎಂಬ ಅತಿ ಅಪರೂಪದ ಕ್ರಮ ಕೊಟ್ಟು ಅನ್ಯಗ್ರಹದ ಭಾವ ತಂದರು. ಪದಕ್ರಮ, ಕಾಲ, ವಚನ, ಗೌರವಸೂಚಕ ಎಲ್ಲವನ್ನೂ ಒಂದೊಂದು ಸಾಲಿನಲ್ಲಿ ತೀರ್ಮಾನಿಸಿ ಮುಂದೆ ಹೋಗಿ. ಆದರೆ ಒಂದು ಅಂಶವನ್ನು ಮಾತ್ರ ಆಳವಾಗಿ ಬೆಳೆಸಿ, ಅದು ಆ ಜನರ ಬದುಕಿನಿಂದ ಬಂದಿರಲಿ.

ಉಬ್ಬರದ ನಾಡಿನಲ್ಲಿ ಆಸ್ತಿ ನೀರಿನಡಿ ಮುಳುಗಿರುವುದರಿಂದ ಎಲ್ಲ ವ್ಯಾಜ್ಯವೂ ಕಣ್ಣಾರೆ ಕಂಡವರ ಮಾತಿನ ಮೇಲೆ ನಿಲ್ಲುತ್ತದೆ. ಅವರ ಕ್ರಿಯಾಪದ ಕಂಡದ್ದನ್ನೂ ಕೇಳಿದ್ದನ್ನೂ ಬೇರೆ ಮಾಡಿ ಹೇಳಲೇಬೇಕು ಎನ್ನಿ. ಇದು ಕನಸಿನ ಮಾತಲ್ಲ: ಟರ್ಕಿಶ್ ಭಾಷೆಯ ಭೂತಕಾಲದಲ್ಲಿ ಈ ಭೇದ ಇದೆ, ದಕ್ಷಿಣ ಅಮೆರಿಕದ ಕೆಚುವಾ ಭಾಷೆಯಲ್ಲೂ ಇದೆ. ನಮ್ಮ ‘ಬಂದನು’, ‘ಬಂದನಂತೆ’ ಇದರ ಹತ್ತಿರವೇ ಇವೆ, ನಾವು ‘ಅಂತೆ’ ಬಿಟ್ಟರೂ ಯಾರೂ ಕೇಳುವುದಿಲ್ಲ, ಅಷ್ಟೆ. ಅಲ್ಲಿ ಬಿಟ್ಟರೆ ಅದು ಸುಳ್ಳುಸಾಕ್ಷಿ. ಕಂಡದ್ದರ ಪ್ರತ್ಯಯ ಬಳಸಿ ಕೇಳಿದ್ದನ್ನು ಹೇಳಿದ ಪಾತ್ರಕ್ಕೆ ಶಿಕ್ಷೆಯಾಗುವ ದೃಶ್ಯ ತಾನಾಗಿ ಒದಗಿ ಬರುತ್ತದೆ.

ಪದಕೋಶ ಮಾಡುವಾಗ ಕನ್ನಡದ ಅರ್ಥದ ಗಡಿಗಳನ್ನೇ ನಕಲು ಮಾಡಬೇಡಿ. ಒದ್ದೆ ಮರಳು, ಹೂಳುವ ಮರಳು, ಗಾಡಿ ತಡೆಯುವ ಮರಳು ಇವಕ್ಕೆ ಮೂರು ಪದ ಇರಲಿ. ಕಡಲಿಗೂ ಹೊತ್ತಿಗೂ ಒಂದೇ ಪದ ಇರಲಿ. ದಿಕ್ಕನ್ನೂ ಯೋಚಿಸಿ. ಹವಾಯಿಯಲ್ಲಿ ದಾರಿ ಹೇಳುವಾಗ ಬೆಟ್ಟದ ಕಡೆಗೆ ಮೌಕಾ, ಕಡಲ ಕಡೆಗೆ ಮಕಾಯ್ ಎನ್ನುತ್ತಾರೆ. ಉಬ್ಬರದ ನಾಡಿನವರು ಎಡಗೈ ಎನ್ನದೆ ‘ಕಡಲ ಕೈ’ ಎನ್ನಬಹುದು, ತಿರುಗಿ ನಿಂತರೆ ಅದು ಇನ್ನೊಂದು ಕೈ ಆಗುತ್ತದೆ.

ಕನ್ನಡದ ಪುಟದ ಮೇಲೆ

ಹೆಸರಿಗೆ ವಿಭಕ್ತಿ ಹಚ್ಚಿ ನೋಡದೆ ಒಪ್ಪಬೇಡಿ. ಶಿನಗಬೆಗೆ, ಶಿನಗಬೆಯಿಂದ, ಶಿನಗಬೆಯಲ್ಲಿ: ಸಲೀಸು. ಲಬ್ ಎಂಬ ಹೆಸರಿನವನಿಗೆ ‘ಲಬ್‌ಗೆ’ ಎನ್ನುವಿರೋ ‘ಲಬ್ಬನಿಗೆ’ ಎನ್ನುವಿರೋ? ಒಮ್ಮೆ ನಿರ್ಧರಿಸಿ ಪಟ್ಟಿಯಲ್ಲಿ ಹಾಕಿ. ವ್ಯಂಜನಾಂತ ಹೆಸರುಗಳು ಕಾದಂಬರಿಯಲ್ಲಿ ಐದಾರಕ್ಕಿಂತ ಹೆಚ್ಚಾದರೆ ಓದು ಎಡವುತ್ತದೆ. ಮುಖ್ಯ ಪಾತ್ರಗಳ ಹೆಸರು ಬೇರೆಬೇರೆ ಅಕ್ಷರದಿಂದ ಶುರುವಾಗಲಿ, ಉದ್ದವೂ ಒಂದೇ ಇರಬಾರದು. ಗಟ್ಟಿಯಾಗಿ ಓದಿಸಿ, ಕನ್ನಡದಲ್ಲಿ ಅಪಾರ್ಥ ಬರುತ್ತದೆಯೇ ಎಂದು ಬೇರೆಯವರ ಬಾಯಲ್ಲಿ ಕೇಳಿ.

ಹೊಸ ಪದ ಪುಟಕ್ಕೆ ಎರಡಕ್ಕಿಂತ ಹೆಚ್ಚು ಬೇಡ, ಮತ್ತು ಅರ್ಥ ಸಂದರ್ಭದಿಂದಲೇ ತಿಳಿಯಬೇಕು. ಕನ್ನಡ ಪದ ಇರುವ ವಸ್ತುವಿಗೆ ಕಟ್ಟಿದ ಪದ ತೊಡಿಸಬೇಡಿ. ಕುದುರೆಯನ್ನು ಕುದುರೆ ಎನ್ನಿ. ಸಂಭಾಷಣೆ ಕನ್ನಡದಲ್ಲೇ ಇರುತ್ತದಾದ್ದರಿಂದ ಭಾಷಾಭೇದವನ್ನು ಪದಗಳ ಆಯ್ಕೆಯಿಂದ ತೋರಿಸಿ: ಆಸ್ಥಾನದ ಭಾಷೆಗೆ ತತ್ಸಮ, ಕರಾವಳಿಯವರಿಗೆ ಅಚ್ಚಗನ್ನಡ. ನಿಜವಾದ ಪ್ರಾದೇಶಿಕ ಕನ್ನಡವನ್ನು ಯಥಾವತ್ತಾಗಿ ಎತ್ತಿ ಹಾಕಿದರೆ ಓದುಗರ ಮನಸ್ಸು ನಿಮ್ಮ ಲೋಕ ಬಿಟ್ಟು ಆ ಜಿಲ್ಲೆಗೆ ಹೋಗಿಬಿಡುತ್ತದೆ.

ಅತಿ ಹೆಚ್ಚು ಕಣ್ತಪ್ಪುವುದು ನುಡಿಗಟ್ಟು. ರಾಮನಿಲ್ಲದ ಲೋಕದಲ್ಲಿ ರಾಮಬಾಣ, ಭಗೀರಥನಿಲ್ಲದಲ್ಲಿ ಭಗೀರಥ ಪ್ರಯತ್ನ, ಶನಿ ಇಲ್ಲದಲ್ಲಿ ಶನಿಕಾಟ. ಕರಡು ಮುಗಿದ ಮೇಲೆ ಇವಕ್ಕಾಗಿಯೇ ಒಂದು ಸುತ್ತು ಓದಿ. ‘ತಿಂಗಳು’ ಪದವನ್ನು ಎಲ್ಲಿ ಕಂಡರೂ ನಿಲ್ಲಿಸಿ: ಹತ್ತು ದಿನಕ್ಕೊಂದು ಹುಣ್ಣಿಮೆ ಬರುವ ಲೋಕದಲ್ಲಿ ಗರ್ಭಿಣಿ ಒಂಬತ್ತು ತಿಂಗಳು ಹೊರುವುದಿಲ್ಲ, ಇಪ್ಪತ್ತೇಳು ಹುಣ್ಣಿಮೆ ಹೊರುತ್ತಾಳೆ.

ಪದಗಳ ದಾಖಲೆಗೆ ಸ್ಪ್ರೆಡ್‌ಶೀಟ್ ಒಳ್ಳೆಯದು. ಐದು ಕಾಲಂ ಸಾಕು: ಹಳೆಯ ರೂಪ, ಇಂದಿನ ರೂಪ, ಅರ್ಥ, ವಿಭಕ್ತಿ ಹಚ್ಚಿದ ರೂಪ, ಮೊದಲು ಬಂದ ಅಧ್ಯಾಯ. ಧ್ವನಿ ನಿಯಮಗಳು ಅದೇ ಕಡತದ ಎರಡನೇ ಹಾಳೆಯಲ್ಲಿರಲಿ. ಇಂದಿನ ರೂಪವನ್ನು ನೇರವಾಗಿ ಸೃಷ್ಟಿಸದೆ, ಪ್ರತಿ ಸಲವೂ ಹಳೆಯ ರೂಪ ಬರೆದು ನಿಯಮದ ಮೂಲಕವೇ ಇಳಿಸಿ. ನಿಯಮಕ್ಕೆ ಹೊಂದದ ಪದ ಕಿವಿಗೆ ತುಂಬ ಹಿಡಿಸಿದರೆ ಅದನ್ನು ನೆರೆನಾಡಿನಿಂದ ಬಂದ ಎರವಲು ಪದ ಎಂದು ಗುರುತು ಹಾಕಿ, ಅದನ್ನು ತಂದ ವ್ಯಾಪಾರಿಗಳು ಯಾವ ದಾರಿಯಲ್ಲಿ ಬಂದರೆಂದು ನಕ್ಷೆಯಲ್ಲಿ ಎಳೆದುಬಿಡಿ.