ದೊಡ್ಡ ಮನೆತನದ ಕಾರ್ಡಿನಲ್ ಬಗ್ಗೆ ಲೇಖನ ಬರೆಯುವುದು ಹೇಗೆ?

ಮಾನಸಗಂಗೋತ್ರಿಯಲ್ಲಿ ಯೂರೋಪಿನ ಇತಿಹಾಸ ಓದುವವರಿರಲಿ, ಮೈಸೂರು ಮಂಡ್ಯ ಕಡೆಯ ಚರ್ಚುಗಳ ಸ್ಮರಣ ಸಂಚಿಕೆಗೆ ಬರೆಯುವವರಿರಲಿ, ಒಂದಲ್ಲ ಒಂದು ದಿನ ಯಾವುದೋ ಹಳೇ ಕಾರ್ಡಿನಲ್, ಅಂದರೆ ಕಥೋಲಿಕ ಧರ್ಮಸಭೆಯಲ್ಲಿ ಪೋಪರ ಕೆಳಗಿನ ದೊಡ್ಡ ಸ್ಥಾನದವರು, ತಲೆಗೆ ಬೀಳುತ್ತಾರೆ. ಆಗ ಬರುವ ಲೇಖನ ಎರಡೇ ಥರ. ಒಂದೋ ಹುದ್ದೆಗಳ ಪಟ್ಟಿ, ಇಲ್ಲಾ ತೊಟ್ಟಿಲಲ್ಲೇ ಸಂತನಾಗಿದ್ದ ಅನ್ನುವ ಹರಿಕಥೆ. ಎರಡೂ ಬೇಡ. ಸಿರಿವಂತರ ಮನೆಯಲ್ಲಿ ಹುಟ್ಟಿದವರ ಬಗ್ಗೆ ಕೇಳಬೇಕಾದ್ದು ಇಷ್ಟೇ: ಮನೆತನ ಕೊಟ್ಟದ್ದೆಷ್ಟು, ಅವರು ತಾವಾಗಿ ಮಾಡಿದ್ದೆಷ್ಟು? ಹದಿನಾರನೇ ಶತಮಾನದಲ್ಲಿ ಇಟಲಿಯ ಮಿಲಾನಿನಲ್ಲಿದ್ದ ಕಾರ್ಡಿನಲ್ ಕಾರ್ಲೊ ಬೊರೊಮೆಯೊ ಅವರನ್ನೇ ಇಟ್ಟುಕೊಂಡು ನೋಡೋಣ.

ಮೊದಲು ಒಂದು ಹಾಳೆಯಲ್ಲಿ ಮೂರು ಕಾಲಂ ಹಾಕಿ. ಇಸವಿ, ಸಿಕ್ಕ ಹುದ್ದೆ, ಕೊಟ್ಟವರು ಯಾರು. ಮೂರನೆಯದನ್ನು ಎಲ್ಲರೂ ಬಿಟ್ಟುಬಿಡುತ್ತಾರೆ, ಕಥೆ ಇರುವುದೇ ಅಲ್ಲಿ. ಕಾರ್ಲೊ ಹುಟ್ಟಿದ್ದು 1538ರಲ್ಲಿ, ಮಜ್ಜೋರೆ ಸರೋವರದ ದಡದ ಅರೋನಾ ಕೋಟೆಯಲ್ಲಿ. ಅಪ್ಪ ಕೌಂಟ್ ಜಿಲ್ಬೆರ್ತೊ. ಹುಡುಗನಿಗೆ ಹನ್ನೆರಡರ ಆಸುಪಾಸಿನಲ್ಲೇ ಒಂದು ಮಠದ ಆದಾಯ ಬಂತು, ಅದು ಮನೆತನದ ಕೈಯಲ್ಲಿದ್ದ ಮಠ. ಆಮೇಲೆ 1559ರ ಕೊನೆಯಲ್ಲಿ ಸೋದರಮಾವ ಪೋಪ್ ಆದರು, ನಾಲ್ಕನೇ ಪಿಯುಸ್. 1560ರ ಜನವರಿ ಮುಗಿಯುವಷ್ಟರಲ್ಲಿ ಸೋದರಳಿಯ ಕಾರ್ಡಿನಲ್. ವಯಸ್ಸು 21! ಹೊಸ ಸರ್ಕಾರ ಬಂದ ತಿಂಗಳಲ್ಲೇ ಮಂತ್ರಿಗಳ ಅಳಿಯನಿಗೆ ನಿಗಮ ಮಂಡಳಿ ಸಿಕ್ಕ ಹಾಗೆ, ಅಲ್ವಾ? ಇದನ್ನು ಮುಚ್ಚಿಡಬೇಡಿ, ಹಾಗಂತ ಇದರಲ್ಲೇ ಲೇಖನ ಮುಗಿಸಲೂ ಬೇಡಿ.

ಇಲ್ಲೊಂದು ಜಾರುವ ಜಾಗ ಇದೆ. ಕಾರ್ಡಿನಲ್ ಅನ್ನುವುದು ಗುರುದೀಕ್ಷೆಯ (ಪಾದ್ರಿಯಾಗುವ ದೀಕ್ಷೆ) ಮೇಲಿನ ಇನ್ನೊಂದು ದೀಕ್ಷೆ ಅಲ್ಲ. ಪೋಪ್ ಕೊಡುವ ಸ್ಥಾನ, ಹೊಸ ಪೋಪರನ್ನು ಆರಿಸುವ ಹಕ್ಕಿರುವವರ ಗುಂಪಿಗೆ ಸೇರಿಸುವುದು. ಆ ಕಾಲದಲ್ಲಿ ಗುರುಗಳಾಗದವರೂ ಕಾರ್ಡಿನಲ್ ಆಗಬಹುದಿತ್ತು. ಅದಕ್ಕೆ ತಡೆ ಬಿದ್ದದ್ದು 1917ರ ಧರ್ಮಸಭೆಯ ಕಾನೂನಿನಲ್ಲಿ. ಹಾಗಾಗಿ ಗುರುದೀಕ್ಷೆಯ ಇಸವಿಯನ್ನು ಬೇರೆಯಾಗಿಯೇ ಹುಡುಕಿ ಬರೆದುಕೊಳ್ಳಿ. ಧರ್ಮಾಧ್ಯಕ್ಷರ (ಬಿಷಪ್) ಪೀಠ ಅಂದರೆ ಏನು ಅಂತ ಗೊಂದಲ ಇದ್ದರೆ ಅಶೋಕ ರಸ್ತೆಯ ಸಂತ ಫಿಲೋಮಿನಾ ಚರ್ಚಿಗೆ ಹೋಗಿ, ಅದು ಮೈಸೂರು ಧರ್ಮಕ್ಷೇತ್ರದ ಪ್ರಧಾನ ದೇವಾಲಯ. ಸ್ವಾಮಿಗಳನ್ನು ಕೇಳಿದರೆ ಹತ್ತು ನಿಮಿಷದಲ್ಲಿ ಬಿಡಿಸಿ ಹೇಳುತ್ತಾರೆ.

ಈಗ ತಿರುವು ಹುಡುಕಿ. ಬೇರೆ ದಾರಿ ಹಿಡಿಯಬಹುದಾಗಿದ್ದ ಒಂದು ಗಳಿಗೆ ಇರುತ್ತದಲ್ಲ, ಅದು. ಕಾರ್ಲೊಗೆ ಅದು ಬಂದದ್ದು 1562ರ ನವೆಂಬರಿನಲ್ಲಿ. ಅಣ್ಣ ಫೆದೆರಿಕೊ ತೀರಿಕೊಂಡ. ಆಸ್ತಿ, ಪದವಿ ಎಲ್ಲಾ ಇವರ ಪಾಲಿಗೆ ಬಂತು, ಮದುವೆಯಾಗಿ ವಂಶ ಬೆಳೆಸು ಅಂತ ಮನೆಯವರ ಒತ್ತಾಯ. ಇವರು 1563ರಲ್ಲಿ ಗುರುದೀಕ್ಷೆ ಪಡೆದುಬಿಟ್ಟರು. ಅದೇ ವರ್ಷದ ಕೊನೆಗೆ ಧರ್ಮಾಧ್ಯಕ್ಷರಾದರು, 1564ರಲ್ಲಿ ಮಿಲಾನಿನ ಮಹಾಧರ್ಮಾಧ್ಯಕ್ಷರು. ನಿಮ್ಮ ಲೇಖನದ ಅರ್ಧ ಜಾಗ ಇಲ್ಲಿಂದ ಮುಂದಕ್ಕೇ ಇರಲಿ.

1565ರ ಸೆಪ್ಟೆಂಬರಿನಲ್ಲಿ ಅವರು ಮಿಲಾನಿಗೆ ಬಂದರು. ಸುಮಾರು ಎಂಬತ್ತು ವರ್ಷ ಅಲ್ಲಿ ಮಹಾಧರ್ಮಾಧ್ಯಕ್ಷರು ಯಾರೂ ವಾಸವೇ ಮಾಡಿರಲಿಲ್ಲ, ದೂರದಲ್ಲಿ ಕೂತು ವರಮಾನ ತಗೊಳ್ಳುತ್ತಿದ್ದರು. ಆ ಡಿಸೆಂಬರಿನಲ್ಲೇ ಮಾವನೂ ತೀರಿಕೊಂಡರು. ಮುಂದಿನದಕ್ಕೆ ಮಾವನ ನೆರಳಿಲ್ಲ. ಧರ್ಮಸಭೆಯ ಸುಧಾರಣೆಗೆ ಸೇರಿದ್ದ ಟ್ರೆಂಟ್ ಮಹಾಸಭೆ ಹೇಳಿದ್ದನ್ನು ಜಾರಿಗೆ ತರಲು ಹಠ ಹಿಡಿದರು. ಗುರುಗಳಾಗುವವರಿಗೆ ಸೆಮಿನರಿ ತೆರೆದರು, ಹಳ್ಳಿಹಳ್ಳಿ ಸುತ್ತಿದರು, ಆಗ ಮಿಲಾನ್ ಆಳುತ್ತಿದ್ದ ಸ್ಪೇನಿನ ಗವರ್ನರುಗಳ ಜೊತೆ ಜಗಳವಾಡಿದರು. ಹುಮಿಲಿಯಾತಿ ಅನ್ನುವ ಸನ್ಯಾಸಿ ಸಂಘದ ಶಿಸ್ತು ಬಿಗಿ ಮಾಡಲು ಹೋದಾಗ 1569ರಲ್ಲಿ ಅದರವನೊಬ್ಬ ಪ್ರಾರ್ಥನೆಯ ಹೊತ್ತಿನಲ್ಲೇ ಇವರ ಮೇಲೆ ಗುಂಡು ಹಾರಿಸಿದ. ಬದುಕಿಕೊಂಡರು. 1571ರಲ್ಲಿ ಆ ಸಂಘವೇ ರದ್ದಾಯಿತು.

1576ರ ಪ್ಲೇಗ್ ಬಗ್ಗೆ ಎರಡು ಸಾಲಲ್ಲಿ ಮುಗಿಸಬೇಡಿ. ನಮ್ಮ ಓದುಗರಿಗೆ ಇದು ಬೇಗ ಅರ್ಥವಾಗುತ್ತದೆ. ಮೈಸೂರಿಗೂ ಹತ್ತೊಂಬತ್ತನೇ ಶತಮಾನದ ಕೊನೆಗೆ ಪ್ಲೇಗ್ ಬಂತು, ಹಳ್ಳಿಗಳಲ್ಲಿ ಜನ ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಂಡ ಕಥೆ ಅಜ್ಜಿಯರ ಬಾಯಲ್ಲಿತ್ತು. ಮಿಲಾನಿನಲ್ಲಿ ದೊಡ್ಡವರು ಊರು ಬಿಟ್ಟಾಗ ಕಾರ್ಲೊ ಉಳಿದರು. ಅರಮನೆಯ ಪರದೆಗಳನ್ನು ಹರಿಸಿ ಬಡವರಿಗೆ ಬಟ್ಟೆ ಹೊಲಿಸಿದರು. ಮನೆಯಿಂದ ಹೊರಬರಲಾಗದವರಿಗೆ ಕಿಟಕಿಯಿಂದಲೇ ಕಾಣಲಿ ಅಂತ ಬೀದಿಗಳಲ್ಲಿ ಬಲಿಪೀಠ ಹಾಕಿಸಿ ಪೂಜೆ ಮಾಡಿಸಿದರು.

ಹಾಗೆಯೇ ಕಹಿಯನ್ನೂ ಬರೆಯಿರಿ. 1583ರಲ್ಲಿ ಈಗಿನ ಸ್ವಿಟ್ಜರ್ಲೆಂಡಿನ ಮೆಸೊಲ್ಚಿನಾ ಕಣಿವೆಗೆ ಅವರು ಹೋದಾಗ ಮಾಟದ ಆರೋಪದ ಮೇಲೆ ವಿಚಾರಣೆ ನಡೆದು ಹಲವರನ್ನು ಸುಟ್ಟರು. ಸ್ಮರಣ ಸಂಚಿಕೆಯವರು ಇದು ಬೇಡ ಅಂದರೂ ಒಂದು ಸಾಲಾದರೂ ಇರಲಿ.

ಸಾವು 1584, ಸಂತ ಪದವಿ 1610. ಈ ಎರಡು ಇಸವಿಗಳ ನಡುವೆ ಮತ್ತು ಆಮೇಲೆ ಹುಟ್ಟಿದ ಪವಾಡದ ಕಥೆಗಳನ್ನು ಸೇರಿಸುವುದಾದರೆ ಅವು ಆಮೇಲಿನವು ಅಂತ ಹೇಳಿಯೇ ಸೇರಿಸಿ. ಪ್ರೆಸ್ಸಿಗೆ ಕಳಿಸುವ ಮುಂಚೆ ಹೆಸರುಗಳನ್ನು ಇನ್ನೊಮ್ಮೆ ನೋಡಿ. ಫೆದೆರಿಕೊ ಇಬ್ಬರಿದ್ದಾರೆ. ಒಬ್ಬ ಅಣ್ಣ. ಇನ್ನೊಬ್ಬ 1564ರಲ್ಲಿ ಹುಟ್ಟಿದ ದಾಯಾದಿ, ಅವರೂ ಕಾರ್ಡಿನಲ್, ಅವರೂ ಮಿಲಾನಿನವರೇ, ಅಂಬ್ರೋಸಿಯಾನಾ ಗ್ರಂಥಾಲಯ ಕಟ್ಟಿದವರು. ಇನ್ನು ಪೋಪ್ ಮಾವನ ಮನೆತನದ ಹೆಸರು ಮೆದಿಚಿ ಅಂತ ಕಂಡು ಫ್ಲಾರೆನ್ಸಿನ ಮೆದಿಚಿಗಳ ಚಿತ್ರ ಹಾಕಬೇಡಿ, ಇವರು ಮಿಲಾನಿನ ಬೇರೆ ಮೆದಿಚಿಗಳು.