ಯುದ್ಧಗಾಯದ ಪೆನ್ಷನ್ ಕೇಳುವ ಮುಂಚೆ ಆ ಒಂದು ಅಕ್ಷರ ನೋಡಿ

ಇಪ್ಪತ್ತಾರು ವರ್ಷ ಸೇನೆಯಲ್ಲಿ ಕ್ಲರ್ಕ್ ಆಗಿದ್ದೆ. ಈಗ ಸೋಮವಾರಪೇಟೆ ಹತ್ತಿರ ಇದ್ದೇನೆ. ಪೆನ್ಷನ್ ಕಾಗದ ಹಿಡಿದು ಬಂದವರಿಗೆಲ್ಲ ಮೊದಲು ಒಂದೇ ಮಾತು ಹೇಳುತ್ತೇನೆ: ನಿಮ್ಮ ಗಾಯವನ್ನು ಯಾವ ವರ್ಗಕ್ಕೆ ಹಾಕಿದ್ದಾರೆ, ನೋಡಿ.

ರಕ್ಷಣಾ ಸಚಿವಾಲಯದ 2001ರ ಜನವರಿ 31ರ ಆದೇಶದಲ್ಲಿ ಎ ಇಂದ ಇ ವರೆಗೆ ಐದು ವರ್ಗಗಳಿವೆ. ಡ್ಯೂಟಿಯಲ್ಲಿ ಆದ ಅಪಘಾತ ಸಿ. ಯುದ್ಧದಲ್ಲಿ, ಸರ್ಕಾರ ಘೋಷಿಸಿದ ಕಾರ್ಯಾಚರಣೆಯಲ್ಲಿ ಆದದ್ದು ಇ. ಗಾಯದಿಂದಲೇ ಸೇವೆ ಬಿಡಬೇಕಾದ ಅಧಿಕಾರಿಯ ಕೊನೆಯ ಸಂಬಳ 60,000 ಅಂದುಕೊಳ್ಳಿ. ವೈಕಲ್ಯ 40 ಪರ್ಸೆಂಟ್ ಇದ್ದರೆ ಅದನ್ನು 50 ಅಂತ ಹಿಡಿಯಬೇಕು. 6ನೇ ವೇತನ ಆಯೋಗದ ನಂತರದ ಲೆಕ್ಕದಲ್ಲಿ ಸಿ ಆದರೆ ಗಾಯದ ಬಾಬ್ತು ತಿಂಗಳಿಗೆ 9,000. ಇ ಆದರೆ 30,000. ಸೇವೆಗೆ ಬರುವ ಪೆನ್ಷನ್ ಭಾಗ ಬೇರೆ. ಒಂದು ಅಕ್ಷರಕ್ಕೆ ಇಷ್ಟು ವ್ಯತ್ಯಾಸ!

ನಮ್ಮ ಕಡೆಯ ಒಬ್ಬ ಕ್ಯಾಪ್ಟನ್ ಸಾಹೇಬರು 2002ರಲ್ಲಿ ಆಪರೇಷನ್ ಪರಾಕ್ರಮ್ (ಪಾಕಿಸ್ತಾನದ ಗಡಿಗೆ ಸೇನೆ ಜಮಾಯಿಸಿದ ಕಾರ್ಯಾಚರಣೆ) ಹೊತ್ತಿಗೆ ರಾಜಸ್ಥಾನದ ಗಡಿಯಲ್ಲಿ ಮೈನ್ (ನೆಲಬಾಂಬ್) ಹುಗಿಸುತ್ತಿದ್ದರು. ಒಂದು ಸಿಡಿದು ಎಡ ಪಾದ ಹೋಯಿತು. ಶತ್ರು ಗುಂಡು ಹಾರಿಸಲಿಲ್ಲವಲ್ಲ, ಇದು ಅಪಘಾತ ಅಂತ ಬರೆದುಬಿಟ್ಟರು. ಆ ಸಾಲು ಓದಿದಾಗ ನನಗೆ ಹೊಟ್ಟೆ ಉರಿಯಿತು. ಗಡಿಯ ಕಾರ್ಯಾಚರಣೆಯಲ್ಲಿ ಮೈನ್ ಹಾಕುವಾಗ ಸಿಡಿದರೂ ಇ ವರ್ಗವೇ. ಅದೇ ಆದೇಶದಲ್ಲಿ ಇದೆ.

"ಆ ದಿನದ್ದೇ ಕಾಗದ ಬೇಕು ಸಾಹೇಬ್ರೇ" ಅಂದೆ. ಟ್ರಂಕ್ ಎಲ್ಲ ಜಾಲಾಡಿದೆವು. ಕೊನೆಗೆ ಆಸ್ಪತ್ರೆಯ ಹಳೇ ಕವರಿನಲ್ಲಿ ನಾಲ್ಕು ಮಡಿಕೆಯ ಇಂಜುರಿ ರಿಪೋರ್ಟ್ ಸಿಕ್ಕಿತು. ಕಾರ್ಬನ್ ಪ್ರತಿ, ಅರ್ಧ ಮಾಸಿತ್ತು. ಬಿಸಿಲಿಗೆ ಹಿಡಿದರೆ ಮೂಲೆಯಲ್ಲಿ "ಆಪ್ ಪರಾಕ್ರಮ್" ಅಂತ ಕಾಣಿಸಿತು. ಅವರ ಕೇಸು ನಿಂತದ್ದು ಆ ಎರಡು ಪದಗಳ ಮೇಲೆ.

ಹಾಗಾಗಿ ಇಂಜುರಿ ರಿಪೋರ್ಟ್, ಕೋರ್ಟ್ ಆಫ್ ಇನ್‌ಕ್ವೈರಿ (ಸೇನೆಯೇ ನಡೆಸುವ ತನಿಖೆ) ಕಾಗದ, ಮೆಡಿಕಲ್ ಬೋರ್ಡ್ ವರದಿ, ಪಿಪಿಒ (ಪೆನ್ಷನ್ ಪಾವತಿ ಆದೇಶ) ಇವಿಷ್ಟನ್ನೂ ಮೊದಲು ಕೂಡಿಸಿ. ನಿಮ್ಮ ಹತ್ತಿರ ಇಲ್ಲದ್ದನ್ನು ಆರ್‌ಟಿಐನಲ್ಲಿ ಕೇಳಿ. ಹತ್ತು ರೂಪಾಯಿ ಶುಲ್ಕ. "ನನ್ನ ಎಲ್ಲ ದಾಖಲೆ ಕೊಡಿ" ಅಂತ ಸುಮ್ನೆ ಬರೆಯಬೇಡಿ, ಒಂದೊಂದರ ಹೆಸರು ಬರೆಯಿರಿ.

ಆಮೇಲೆ ಇಲಾಖೆಗೇ ಮೇಲ್ಮನವಿ. ಇದನ್ನು ಬಿಟ್ಟು ನೇರ ಹೋದರೆ ಸಶಸ್ತ್ರ ಪಡೆಗಳ ನ್ಯಾಯಮಂಡಳಿ ಸಾಮಾನ್ಯವಾಗಿ ಕೇಸು ತೆಗೆದುಕೊಳ್ಳುವುದಿಲ್ಲ. ಕೊನೆಯ ಆದೇಶ ಬಂದ ಮೇಲೆ ಅಲ್ಲಿಗೆ ಹೋಗಲು ಆರು ತಿಂಗಳು ಸಮಯ. ಮನವಿಗೆ ಆರು ತಿಂಗಳಾದರೂ ಉತ್ತರ ಇಲ್ಲದಿದ್ದರೂ ಹೋಗಬಹುದು. ಸ್ಪೀಡ್ ಪೋಸ್ಟ್ ರಸೀದಿ ಮಾತ್ರ ಜೋಪಾನ. ಕರ್ನಾಟಕದವರಿಗೆ ಕೊಚ್ಚಿ ಪೀಠ.

ತಡವಾಯಿತು ಅಂತ ಕೈಬಿಡಬೇಡಿ. ಪೆನ್ಷನ್ ಕಡಿಮೆ ಬರುವುದು ಪ್ರತಿ ತಿಂಗಳೂ ಆಗುತ್ತಿರುವ ತಪ್ಪು ಅಂತ ಸುಪ್ರೀಂ ಕೋರ್ಟ್ 2008ರ ತರ್ಸೇಮ್ ಸಿಂಗ್ ಕೇಸಿನಲ್ಲಿ ಹೇಳಿದೆ. ಆದರೆ ಬಾಕಿ ಸಾಮಾನ್ಯವಾಗಿ ಕೇಸು ಹಾಕುವುದಕ್ಕೆ ಹಿಂದಿನ ಮೂರು ವರ್ಷದ್ದು ಮಾತ್ರ ಸಿಗುತ್ತದೆ. ಒಂದು ವರ್ಷ ಕಾದರೆ ಒಂದು ವರ್ಷದ ದುಡ್ಡು ಹೋಯಿತು, ಅಲ್ವಾ?

ಪೂರ್ತಿ ಅವಧಿ ಮುಗಿಸಿ ನಿವೃತ್ತರಾದವರಿಗೆ 40ನ್ನು 50 ಮಾಡಲು ಬರುವುದಿಲ್ಲ ಅಂದರೆ ಒಪ್ಪಬೇಡಿ. ಸುಪ್ರೀಂ ಕೋರ್ಟಿನ 2014ರ ರಾಮ್ ಅವತಾರ್ ತೀರ್ಪು ಅವರಿಗೂ ಕೊಟ್ಟಿದೆ. ಅವರ ಯುದ್ಧಗಾಯದ ದರ ಮಾತ್ರ ಕಡಿಮೆ.

ಗೆದ್ದ ಮೇಲೂ ಹೊಸ ಪಿಪಿಒ ತಾಳೆ ನೋಡಿ. ಸಾಹೇಬರದ್ದರಲ್ಲಿ ಇ ಅಂತ ಸರಿಯಾಗಿಯೇ ಬಂದಿತ್ತು. ಲೆಕ್ಕ ಮಾತ್ರ 40ಕ್ಕೇ ಹಾಕಿದ್ದರು. ಇನ್ನೊಂದು ಪತ್ರ ಬರೆಯಬೇಕಾಯಿತು.