ಮಲ್ಲಿಗೆ ಮೊಗ್ಗು ನೇರಳೆಯಾದರೆ ಮೊದಲು ಬಿಡಿಸಿ ನೋಡಿ

ನಮ್ಮ ಮನೆ ಉಡುಪಿ ಕಡೆಯ ಶಂಕರಪುರದ ಹತ್ತಿರ. ಅಂಗಳದ ಬದಿಯಲ್ಲಿ 32 ಮಲ್ಲಿಗೆ ಗಿಡ ಇದೆ. ಬೆಳಗ್ಗೆ ಬೇಗ ಎದ್ದು ಮೊಗ್ಗು ಕೊಯ್ದು, ಬಾಳೆನಾರಿನಲ್ಲಿ ಕಟ್ಟಿ ಕಟ್ಟೆಗೆ, ಅಂದರೆ ಹೂವು ಕೊಳ್ಳುವ ಜಾಗಕ್ಕೆ, ಕೊಡುವುದು ನಮ್ಮ ಕೆಲಸ. 800 ಮೊಗ್ಗಿಗೆ ಒಂದು ಚೆಂಡು, 4 ಚೆಂಡಿಗೆ ಒಂದು ಅಟ್ಟೆ. ಹುಳ ಬಿದ್ದರೆ ನಷ್ಟದ ಲೆಕ್ಕ ಬೇರೆ ಇಡಬೇಕಾಗಿಲ್ಲ, ಕಟ್ಟಲು ಕೂತರೆ ಚೆಂಡು ತುಂಬುವುದಿಲ್ಲ, ಅಷ್ಟೆ.

ಎರಡು ವರ್ಷದ ಹಿಂದೆ ಮೊಗ್ಗುಗಳು ಬಲಿಯುವ ಮೊದಲೇ ನೇರಳೆ ಬಣ್ಣಕ್ಕೆ ತಿರುಗಿದವು. ಅಂಗಡಿಯಲ್ಲಿ ಕೇಳಿದಾಗ ಒಂದು ಔಷಧಿ ಕೊಟ್ಟರು. ಎರಡು ಸಲ ಹೊಡೆದೆ, ಏನೂ ಕಡಿಮೆಯಾಗಲಿಲ್ಲ. ಮುಡಿಯುವ ಹೂವಿಗೆ ಯಾವುದೋ ವಿಷ ಸುಮ್ನೆ ಹೊಡೆದೆ ಅಂತ ಈಗಲೂ ಬೇಜಾರಿದೆ.

ಕಣ್ಣು ತೆರೆಸಿದ್ದು ಪಕ್ಕದ ಮನೆ ಬಾಯಮ್ಮ. ಅವರು ನೇರಳೆ ಮೊಗ್ಗೊಂದನ್ನು ಕಿತ್ತು ಉಗುರಿನಿಂದ ಸೀಳಿ, "ಒಳಗೆ ಯಾರಿದ್ದಾರೆ ಅಂತ ನೋಡದೆ ಔಷಧಿ ಹೊಡೆಯುವುದಾ ಮಾರಾಯ್ತಿ?" ಅಂದರು.

ಒಳಗಿದ್ದದ್ದು ಒಂದೇ ಹುಳ. ಮೈ ಹಸಿರು, ತಲೆ ಕಪ್ಪು. ಮೊಗ್ಗಿನ ಬದಿಯಲ್ಲಿ ಸೂಜಿ ಚುಚ್ಚಿದ ಹಾಗೆ ದುಂಡಗಿನ ತೂತು, ತೂತಿನ ಬಾಯಲ್ಲಿ ಹಿಕ್ಕೆ, ಪಕ್ಕದ ಮೊಗ್ಗುಗಳಿಗೆ ತೆಳ್ಳಗಿನ ನೂಲು. ಇದು ಮೊಗ್ಗು ಕೊರಕ. ಒಳಗಿನದ್ದೆಲ್ಲ ತಿಂದು, ನೂಲು ಕಟ್ಟಿ, ಇನ್ನೊಂದು ಮೊಗ್ಗಿಗೆ ಹೋಗುತ್ತದೆ. ಇದರ ಪತಂಗ ಚಿಕ್ಕದು, ಬಿಳಿ, ರೆಕ್ಕೆ ಮೇಲೆ ಕಪ್ಪು ಅಲೆಗೆರೆ.

ಆದರೆ ಎಲ್ಲ ನೇರಳೆ ಮೊಗ್ಗೂ ಇದರದ್ದಲ್ಲ. ಕೆಲವು ಮೊಗ್ಗಿನಲ್ಲಿ ತೂತೇ ಇರುವುದಿಲ್ಲ, ಬುಡ ಊದಿಕೊಂಡಿರುತ್ತದೆ, ಸೀಳಿದರೆ ಕಣ್ಣಿಗೆ ಕಂಡೂ ಕಾಣದಷ್ಟು ಸಣ್ಣ ಬಿಳಿ ಮರಿಹುಳಗಳು ಹಲವು. ಅದು ಪತಂಗದ್ದಲ್ಲ, ಸೊಳ್ಳೆಯಂಥ ಒಂದು ನೊಣದ್ದು. ಆ ಮರಿಗಳು ಮಣ್ಣಿಗೆ ಬಿದ್ದು ಅಲ್ಲೇ ಕೋಶವಾಗುತ್ತವೆ, ಹಾಗಾಗಿ ಅದಕ್ಕೆ ಬುಡದ ಮಣ್ಣು ಕೆದಕಿ ಬಿಸಿಲಿಗೆ ಬಿಡಬೇಕು. ಎರಡೂ ಒಂದೇ ಅಂದುಕೊಂಡರೆ ದುಡ್ಡೂ ಹೋಗುತ್ತದೆ, ಹೂವೂ ಹೋಗುತ್ತದೆ.

ನಮ್ಮಲ್ಲಿದ್ದದ್ದು ಜಾಸ್ತಿ ಕೊರಕವೇ. ಮೊದಲ ಹದಿನೈದು ದಿನ ನಾನೂ ಅತ್ತೆಯೂ ಕೊಯ್ಲು ಮುಗಿದ ಮೇಲೆ ಪ್ರತಿ ಗಿಡದ ನೇರಳೆ ಮೊಗ್ಗು, ನೂಲು ಕಟ್ಟಿದ ಗೊಂಚಲು ಎಲ್ಲ ಕಿತ್ತು ಸೋಪಿನ ನೀರಿನ ಬಕೆಟ್ಟಿಗೆ ಹಾಕಿದೆವು. ಮೊದಲೆಲ್ಲ ಕಿತ್ತದ್ದನ್ನು ಗಿಡದ ಬುಡಕ್ಕೇ ಬಿಸಾಡುತ್ತಿದ್ದೆವು, ಅದು ದೊಡ್ಡ ತಪ್ಪು.

ಆಮೇಲೆ ಬೇವು. ನಮ್ಮ ಕಡೆ ಬೇವಿನ ಮರ ಕಡಿಮೆ ಅಲ್ವಾ, ಬೀಜ ಘಟ್ಟದ ಮೇಲಿಂದ ತರಿಸಿದೆ. ಲೀಟರ್ ನೀರಿಗೆ 50 ಗ್ರಾಂ ಬೀಜದ ತಿರುಳು ಪುಡಿ, ರಾತ್ರಿಯಿಡೀ ನೆನೆಸಿ, ಬಟ್ಟೆಯಲ್ಲಿ ಸೋಸಿ, ಸ್ವಲ್ಪ ಸೋಪು ಸೇರಿಸಿ ಸಂಜೆ ಹೊಡೆದೆ. ಮರುದಿನದ ಹೂವು ಕಟ್ಟೆಗೆ ಕೊಡಲಿಲ್ಲ. ಬೇವಿನ ವಾಸನೆ ಹಿಡಿದ ಮಲ್ಲಿಗೆಯನ್ನು ಯಾರು ಮುಡಿಯುತ್ತಾರೆ?

ಹುಳ ಇನ್ನೂ ಸಣ್ಣದಿರುವಾಗ ಬಿಟಿ ಪುಡಿಯನ್ನೂ (ಹುಳ ಕೊಲ್ಲುವ ಬ್ಯಾಕ್ಟೀರಿಯಾದ ಪುಡಿ) ಬಳಸಿದೆ, ಪ್ಯಾಕೆಟ್ಟಿನಲ್ಲಿ ಹೇಳಿದ ಅಳತೆಗೆ. ಇದು ಹುಳದ ಹೊಟ್ಟೆಗೆ ಹೋದರೆ ಮಾತ್ರ ಕೆಲಸ ಮಾಡುತ್ತದೆ, ಬಿಸಿಲಿಗೆ ಬೇಗ ಸತ್ವ ಕಳೆದುಕೊಳ್ಳುತ್ತದೆ. ಮೊಗ್ಗಿನೊಳಗೆ ಸೇರಿಕೊಂಡ ಹುಳಕ್ಕೆ ತಾಗುವುದೂ ಕಷ್ಟ. ಅದಕ್ಕೇ ಸಂಜೆ ಹೊಡೆಯುವುದು, ಅದಕ್ಕೇ ಕೈಯಿಂದ ಕೀಳುವುದನ್ನು ಬಿಡಬಾರದು.

ಮಳೆಗಾಲದಲ್ಲಿ ಕೆಳಗಿನ ನೆರಳಿನ ಎಲೆಗಳಿಗೆ ಬಲೆ ಕಟ್ಟಿ ಜಾಲರಿಯಂತೆ ತಿನ್ನುವ ಹುಳ ಬೇರೆ. ಬಲೆ ಕಟ್ಟಿದ ಎಲೆ ತೆಗೆದು, ಗಿಡದ ಒಳಗೆ ಗಾಳಿ ಬೆಳಕು ಹೋಗುವಂತೆ ಸವರಿದರೆ ಸಾಕಾಯಿತು.

ಈಗಲೂ ಕೊಯ್ಯುವಾಗ ನನ್ನ ಸೊಂಟದಲ್ಲಿ ಎರಡು ಚೀಲ ಇರುತ್ತದೆ, ಒಂದು ಕಟ್ಟೆಗೆ, ಒಂದು ಬಕೆಟ್ಟಿಗೆ. ನೇರಳೆ ಮೊಗ್ಗು ಸಿಕ್ಕಿದರೆ ಅಲ್ಲೇ ಒಂದನ್ನು ಸೀಳಿ ನೋಡುತ್ತೇನೆ.